ಅಪೀಲು ಗೈರುಹಾಜರಿಗೆ ವಜಾ ಆಗಿದೆ, ಇನ್ನು ದಾರಿ ಏನು?

ಪ್ರಶ್ನೆ: ನಮ್ಮದು ತಿಪಟೂರು ಕಡೆಯ ಹಳ್ಳಿ. 1 ಎಕರೆ 10 ಗುಂಟೆ ತೆಂಗಿನ ತೋಟ ತಮ್ಮದು ಅಂತ ಪಕ್ಕದ ಜಮೀನಿನವರು ದಾವೆ ಹಾಕಿದ್ದರು. ಕೆಳಗಿನ ಕೋರ್ಟಿನಲ್ಲಿ ಅವರ ಪರ ಡಿಕ್ರಿ ಆಯಿತು. ನಮ್ಮ ತಂದೆ ನಾಲ್ಕು ವರ್ಷದ ಹಿಂದೆ ಅಪೀಲು ಹಾಕಿ ಸ್ಟೇ ತಂದರು. ಪ್ರತಿ ತಾರೀಖಿಗೂ ಬರೋದು ಬೇಡ, ಬೇಕಾದಾಗ ಹೇಳಿ ಕಳಿಸ್ತೀನಿ ಅಂತ ವಕೀಲರು ಹೇಳಿದ್ದರು. ಆಗಸ್ಟ್ ಮೊದಲ ವಾರ ಡಿಕ್ರಿ ಜಾರಿಯ ನೋಟಿಸ್ ಬಂತು. ವಿಚಾರಿಸಿದರೆ ಅಪೀಲು ಮಾರ್ಚ್ 12ಕ್ಕೇ ಡಿಸ್‌ಮಿಸ್ ಆಗಿದೆ, ಅವತ್ತು ನಮ್ಮ ಕಡೆಯಿಂದ ಯಾರೂ ಇರಲಿಲ್ಲವಂತೆ. ತಂದೆಗೆ 74 ವರ್ಷ. ಫೆಬ್ರವರಿ ಕೊನೆಯಲ್ಲಿ ಬಿದ್ದು ಸೊಂಟದ ಮೂಳೆ ಮುರಿದು ಮೂರು ತಿಂಗಳು ಹಾಸಿಗೆ ಹಿಡಿದಿದ್ದರು. ನಾವು ಕೇಸು ಸೋತ ಹಾಗೇನಾ? ಹೈಕೋರ್ಟಿಗೆ ಹೋಗಬೇಕಾ?

ಉತ್ತರ:

ಸೋತಿಲ್ಲ. ಹೈಕೋರ್ಟಿಗೂ ಈಗಲೇ ಓಡಬೇಡಿ. ನಿಮ್ಮ ತಂದೆಯ ಅಪೀಲಿನಲ್ಲಿ ಸತ್ವ ಇದೆಯೋ ಇಲ್ಲವೋ ಅಂತ ಯಾವ ನ್ಯಾಯಾಧೀಶರೂ ಇನ್ನೂ ನೋಡಿಲ್ಲ. ಕರೆದಾಗ ಯಾರೂ ಬರಲಿಲ್ಲ ಅಂತ ಫೈಲು ಮುಚ್ಚಿದ್ದಾರೆ, ಅಷ್ಟೇ. ಮುಚ್ಚಿದ ಫೈಲನ್ನು ತೆರೆಸಲು ಅದೇ ಕೋರ್ಟಿಗೆ ಅರ್ಜಿ ಹಾಕಬೇಕು. ಆದರೆ ನಿಮ್ಮ ವಿಷಯದಲ್ಲಿ ಎರಡು ಗಂಟುಗಳಿವೆ, ಅವನ್ನು ಬಿಡಿಸದೆ ಅರ್ಜಿ ಹಾಕಿದರೆ ಕೆಲಸ ಆಗುವುದಿಲ್ಲ. ಒಂದು, ಅರ್ಜಿ ಹಾಕುವ ಅವಧಿ ದಾಟಿದೆ. ಎರಡು, ತಂದೆ ಯಾಕೆ ಬರಲಿಲ್ಲ ಅಂತ ನೀವು ಹೇಳಿದ್ದೀರಿ, ವಕೀಲರು ಯಾಕೆ ಬರಲಿಲ್ಲ ಅಂತ ಹೇಳಿಲ್ಲ.

ಅದಕ್ಕೆ ಮೊದಲು ಆರ್ಡರ್ ಶೀಟ್, ಅಂದರೆ ಪ್ರತಿ ತಾರೀಖಿಗೆ ಕೋರ್ಟು ಬರೆದ ಆದೇಶಗಳ ಹಾಳೆ, ನೋಡಬೇಕು. ಡಿಸ್‌ಮಿಸ್ ಅನ್ನೋ ಒಂದೇ ಮಾತಿನ ಹಿಂದೆ ಎರಡು ಬೇರೆ ಬೇರೆ ಸಂಗತಿಗಳು ಇರಬಹುದು. ಯಾವುದು ಅಂತ ವಕೀಲರ ಗುಮಾಸ್ತರ ಬಾಯಿಂದ ಕೇಳಿ ತಿಳಿಯುವುದಲ್ಲ, ಕಣ್ಣಾರೆ ಓದಿ ತಿಳಿಯಬೇಕು. ಸಾಮಾನ್ಯವಾಗಿ ಅಲ್ಲಿ ಮೂರೇ ಸಾಲು ಇರುತ್ತದೆ. "ಕರೆಯಲಾಗಿ ಮೇಲ್ಮನವಿದಾರರು ಹಾಗೂ ಅವರ ವಕೀಲರು ಗೈರು. ಮಧ್ಯಾಹ್ನ ಮತ್ತೆ ಕರೆಯಲಾಗಿ ಗೈರು. ಮೇಲ್ಮನವಿಯನ್ನು ಗೈರುಹಾಜರಿಗಾಗಿ ವಜಾ ಮಾಡಲಾಗಿದೆ." ಇದು ಸಿವಿಲ್ ಪ್ರಕ್ರಿಯಾ ಸಂಹಿತೆ 1908ರ ಆರ್ಡರ್ 41, ರೂಲ್ 17ರ ಪ್ರಕಾರ ಆದ ವಜಾ. ನಿಮ್ಮದೂ ಬಹುಶಃ ಇದೇ.

ಆದರೆ ಕೆಲವೊಮ್ಮೆ ಅಪೀಲುದಾರರು ಇಲ್ಲದಿದ್ದರೂ ನ್ಯಾಯಾಧೀಶರು ಎದುರು ಪಕ್ಷದ ವಾದ ಕೇಳಿ, ಕೆಳಗಿನ ಕೋರ್ಟಿನ ತೀರ್ಪು ಓದಿ, ಸಾಕ್ಷಿಗಳ ಬಗ್ಗೆ ನಾಲ್ಕಾರು ಪುಟ ಬರೆದು, ಅಪೀಲಿನಲ್ಲಿ ಹುರುಳಿಲ್ಲ ಅಂತ ವಜಾ ಮಾಡಿಬಿಡುತ್ತಾರೆ. ಕಾನೂನು ಇದಕ್ಕೆ ಒಪ್ಪುವುದಿಲ್ಲ. ಹಿಂದೆ ಈ ಬಗ್ಗೆ ಹೈಕೋರ್ಟುಗಳಲ್ಲಿ ಒಮ್ಮತ ಇರಲಿಲ್ಲ. 1976ರ ತಿದ್ದುಪಡಿಯಲ್ಲಿ ರೂಲ್ 17ಕ್ಕೆ ಒಂದು ವಿವರಣೆ ಸೇರಿಸಿದರು. ಅಪೀಲುದಾರ ಬಾರದಿದ್ದರೆ ಗೈರುಹಾಜರಿಗೆ ವಜಾ ಮಾಡಬಹುದು, ಆದರೆ ಕೇಸಿನ ಗುಣಾವಗುಣ, ಅಂದರೆ ಯಾರ ಹಕ್ಕು ಸರಿ ಅನ್ನೋದನ್ನು, ನೋಡಿ ವಜಾ ಮಾಡುವ ಅಧಿಕಾರ ಈ ನಿಯಮದಲ್ಲಿ ಇಲ್ಲ ಅಂತ. ಅದು 1977ರ ಫೆಬ್ರವರಿ 1ರಿಂದ ಜಾರಿಯಲ್ಲಿದೆ. ಆಮೇಲೂ ತಪ್ಪುಗಳು ಆಗುತ್ತಲೇ ಇದ್ದವು. 2012ರಲ್ಲಿ ಘನಶ್ಯಾಮ್ ದಾಸ್ ಗುಪ್ತಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಮತ್ತೆ ಖಡಾಖಂಡಿತವಾಗಿ ಹೇಳಬೇಕಾಯಿತು. ಬಾರದವನ ಅಪೀಲನ್ನು ಮುಂದೂಡಬಹುದು, ಗೈರಿಗೆ ವಜಾ ಮಾಡಬಹುದು, ಅವನಿಲ್ಲದೆ ಅವನ ಹಕ್ಕನ್ನು ತೀರ್ಮಾನಿಸುವಂತಿಲ್ಲ. ನನಗೆ ಈ ವಿವರಣೆ ಬಹಳ ಮುಖ್ಯ ಅನ್ನಿಸುತ್ತದೆ, ಯಾಕೆಂದರೆ ಗೈರಿಗೆ ವಜಾ ಆದರೆ ವಾಪಸ್ ಬರಲು ದಾರಿ ಇದೆ, ಗುಣಾವಗುಣದ ಮೇಲೆ ಆದರೆ ಆ ಬಾಗಿಲು ಮುಚ್ಚಿದ ಹಾಗೆ.

ಹಾಗಾಗಿ ನಿಮ್ಮ ಆದೇಶ ಪುಟಗಟ್ಟಲೆ ಇದ್ದು, ಸರ್ವೆ ನಂಬರು, ಪಹಣಿ, ಸಾಕ್ಷಿಗಳ ಚರ್ಚೆ ಎಲ್ಲ ಅದರಲ್ಲಿ ಇದ್ದರೆ ಮಾತ್ರ ಹೈಕೋರ್ಟಿನಲ್ಲಿ ಎರಡನೇ ಅಪೀಲಿನ ಬಗ್ಗೆ ಯೋಚಿಸಿ. ಅದಕ್ಕೆ ಅವಧಿ 90 ದಿನ, ನಕಲು ಸಿಗಲು ಹಿಡಿದ ದಿನಗಳನ್ನು ಅದರಲ್ಲಿ ಕಳೆಯುತ್ತಾರೆ. ವಕೀಲರಿಲ್ಲದೆ ಗುಣಾವಗುಣಕ್ಕೆ ಹೋಗಿದ್ದೇ ತಪ್ಪು ಅನ್ನೋದೇ ಅಲ್ಲಿ ನಿಮ್ಮ ದೊಡ್ಡ ವಾದ.

ಮೂರು ಸಾಲಿನ ಆದೇಶ ಆಗಿದ್ದರೆ ಎರಡನೇ ಅಪೀಲು ನಿಲ್ಲುವುದೇ ಇಲ್ಲ. ಸಂಹಿತೆಯ ಸೆಕ್ಷನ್ 2(2)ರಲ್ಲಿ ಡಿಕ್ರಿ ಅಂದರೆ ಏನು ಅಂತ ಹೇಳುವಾಗಲೇ, ಗೈರುಹಾಜರಿಯ ವಜಾ ಡಿಕ್ರಿ ಅಲ್ಲ ಅಂತ ಬರೆದಿದ್ದಾರೆ. ಡಿಕ್ರಿ ಇಲ್ಲದೆ ಎರಡನೇ ಅಪೀಲು ಎಲ್ಲಿಂದ? ಆದರೂ ಜನ ಬೆಂಗಳೂರಿಗೆ ಓಡುತ್ತಾರೆ, ಫೀಸು ಕೊಡುತ್ತಾರೆ, ಆಫೀಸ್ ಆಬ್ಜೆಕ್ಷನ್ (ಕೋರ್ಟ್ ಕಚೇರಿಯ ತಕರಾರು) ಬಂದು ವಾಪಸ್ ಬರುವಾಗ ಇನ್ನೂ ಆರು ತಿಂಗಳು ಹೋಗಿರುತ್ತದೆ. ನಿಮಗೆ ಇರುವುದು ಆರ್ಡರ್ 41, ರೂಲ್ 19. ಅಪೀಲು ವಜಾ ಮಾಡಿದ ಅದೇ ಕೋರ್ಟಿಗೆ ಹೋಗಿ, ಕರೆದಾಗ ಹಾಜರಾಗಲು ಸಾಕಷ್ಟು ಕಾರಣದಿಂದ ಆಗಲಿಲ್ಲ, ಅಪೀಲನ್ನು ಮತ್ತೆ ಫೈಲಿಗೆ ತೆಗೆದುಕೊಳ್ಳಿ ಅಂತ ಕೇಳುವುದು. ನಮ್ಮ ಕಡೆ ಇದಕ್ಕೆ ಮಿಸ್ಲೇನಿಯಸ್ ನಂಬರು ಕೊಡುತ್ತಾರೆ. ಕಾರಣ ಸಾಬೀತಾದರೆ ಕೋರ್ಟು ಅಪೀಲನ್ನು ಮತ್ತೆ ತೆಗೆದುಕೊಳ್ಳಲೇಬೇಕು, ಆ ನಿಯಮದ ಮಾತು ಹಾಗೇ ಇದೆ. ಖರ್ಚು ಕಟ್ಟುವಂಥ ಷರತ್ತು ಹಾಕಬಹುದು, ಅದು ಬೇರೆ.

ಈಗ ಮೊದಲನೇ ಗಂಟು. 1963ರ ಕಾಲಮಿತಿ ಕಾಯ್ದೆಯ 122ನೇ ವಿಧಿ ಇದಕ್ಕೆ 30 ದಿನ ಕೊಡುತ್ತದೆ. ಎಲ್ಲರೂ ಎಡವುವುದು ಇಲ್ಲೇ: ಈ 30 ದಿನ ಶುರುವಾಗುವುದು ವಜಾ ಆದ ದಿನದಿಂದ, ನಿಮಗೆ ಗೊತ್ತಾದ ದಿನದಿಂದ ಅಲ್ಲ. ಪಕ್ಕದ 123ನೇ ವಿಧಿಯಲ್ಲಿ, ಅಂದರೆ ಎಕ್ಸ್ ಪಾರ್ಟೆ ಡಿಕ್ರಿಯ (ಪ್ರತಿವಾದಿ ಬಾರದೆ ಆದ ಡಿಕ್ರಿ) ವಿಷಯದಲ್ಲಿ, ಸಮನ್ಸ್ ಸರಿಯಾಗಿ ಜಾರಿ ಆಗದಿದ್ದರೆ ಗೊತ್ತಾದ ದಿನದಿಂದ ಎಣಿಸುತ್ತಾರೆ. ಜನ ಅದನ್ನು ಇದಕ್ಕೂ ಹಚ್ಚಿಕೊಂಡು, ಗೊತ್ತಾಗಿ 20 ದಿನ ಆಯ್ತಷ್ಟೇ, ಅವಧಿಯ ಒಳಗೇ ಇದ್ದೀವಿ ಅಂತ ಅರ್ಜಿ ಹಾಕುತ್ತಾರೆ, ತಡ ಮನ್ನಾ ಮಾಡಿ ಅಂತ ಕೇಳುವುದೇ ಇಲ್ಲ. ಅಂಥ ಅರ್ಜಿ ತಡ ಅನ್ನೋ ಒಂದೇ ಕಾರಣಕ್ಕೆ ಬಿದ್ದುಹೋಗುತ್ತದೆ. ಇನ್ನೊಂದು, ಅಪೀಲಿಗೆ ನಕಲಿನ ದಿನಗಳನ್ನು ಕಳೆದ ಹಾಗೆ ಈ ಅರ್ಜಿಗೆ ಕಳೆಯುವುದಿಲ್ಲ. ನಕಲು ಬರಲಿ ಅಂತ ಕಾಯುತ್ತಾ ಕೂರಬೇಡಿ.

ಲೆಕ್ಕ ಹಾಕೋಣ. ವಜಾ ಆಗಿದ್ದು ಮಾರ್ಚ್ 12. ಆ ದಿನ ಬಿಟ್ಟು 13ರಿಂದ ಎಣಿಸಿದರೆ 30ನೇ ದಿನ ಏಪ್ರಿಲ್ 11. ನೀವು ಆಗಸ್ಟ್ 20ಕ್ಕೆ ಅರ್ಜಿ ಹಾಕಿದಿರಿ ಅಂದುಕೊಳ್ಳಿ, ತಡ 131 ದಿನ. ಈ 131 ಅನ್ನುವ ಅಂಕಿ ಅರ್ಜಿಯಲ್ಲಿ ಸರಿಯಾಗಿ ಬರಬೇಕು. ಅದೇ ಕಾಲಮಿತಿ ಕಾಯ್ದೆಯ ಸೆಕ್ಷನ್ 5ರ ಅಡಿ ತಡ ಮನ್ನಾ ಮಾಡಲು ಬೇರೆಯೇ ಐಎ (ಮಧ್ಯಂತರ ಅರ್ಜಿ), ಅದಕ್ಕೆ ಬೇರೆಯೇ ಅಫಿಡವಿಟ್. 1987ರ ಕಾತಿಜಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ತಡವನ್ನು ಉದಾರವಾಗಿ ನೋಡಿ, ಪ್ರತಿ ದಿನದ ಲೆಕ್ಕ ಕೊಡಿ ಅನ್ನೋದನ್ನು ಅತಿಗೆ ಒಯ್ಯಬೇಡಿ ಅಂತ ಹೇಳಿದೆ. ಸರಿ. ಆದರೆ ಉದಾರವಾಗಿ ನೋಡಲಿಕ್ಕೂ ನೋಡುವಂಥದ್ದು ಏನಾದರೂ ಇರಬೇಕಲ್ವಾ? ತಂದೆ ಮೇ ಕೊನೆಯವರೆಗೆ ಹಾಸಿಗೆಯಲ್ಲಿದ್ದರು ಅಂತ ಒಪ್ಪೋಣ. ಜೂನ್, ಜುಲೈ ಏನಾಯಿತು? ಇದನ್ನು ಮುಚ್ಚಿಡಬೇಡಿ. ವಕೀಲರು ಹೇಳಿ ಕಳಿಸುತ್ತಾರೆ ಅಂತ ನಂಬಿದ್ದೆವು, ಆ ನಡುವೆ ಒಮ್ಮೆ ಫೋನ್ ಮಾಡಿದಾಗ ಇನ್ನೂ ವಾದಕ್ಕೆ ಬಂದಿಲ್ಲ ಅಂದರು, ನೋಟಿಸ್ ಕೈಗೆ ಬಂದಾಗಲೇ ಗೊತ್ತಾಯಿತು ಅಂತ ನಡೆದದ್ದನ್ನು ನಡೆದ ಹಾಗೆ ಬರೆಯಿರಿ. ಫೋನ್ ಮಾಡಿದ್ದರೆ ಮಾತ್ರ ಮಾಡಿದ್ದೆ ಅಂತ ಬರೆಯಿರಿ. ನೋಟಿಸ್ ಕೈಗೆ ಸಿಕ್ಕ ದಿನ ಯಾವುದು ಅನ್ನೋದಕ್ಕೆ ದಾಖಲೆ ಇದೆ, ಅದು ನಿಮ್ಮ ಬಲ.

ಎರಡನೇ ಗಂಟು ಇನ್ನೂ ಬಿಗಿಯಾದದ್ದು. ಎದುರು ವಕೀಲರು ಎದ್ದು ನಿಂತು ಕೇಳುವ ಮೊದಲ ಪ್ರಶ್ನೆ ನಾನೀಗಲೇ ಹೇಳುತ್ತೇನೆ: "ತಂದೆಯ ಸೊಂಟ ಮುರಿದಿತ್ತು ಸರಿ, ವಕೀಲರದ್ದೇನು ಮುರಿದಿತ್ತು?" ಅಪೀಲಿನಲ್ಲಿ ವಾದ ಮಾಡುವುದು ವಕೀಲರು. ತಂದೆ ಚೆನ್ನಾಗಿದ್ದಾಗಲೂ ಪ್ರತಿ ತಾರೀಖಿಗೆ ಹೋಗುತ್ತಿರಲಿಲ್ಲ ಅಂತ ನೀವೇ ಬರೆದಿದ್ದೀರಿ. ಹಾಗಾಗಿ ಬರೀ ಆಸ್ಪತ್ರೆಯ ಡಿಸ್ಚಾರ್ಜ್ ಸಮ್ಮರಿ, ಎಕ್ಸ್-ರೇ ಇಟ್ಟರೆ ಸಾಲದು. ಮಾರ್ಚ್ 12ರಂದು ವಕೀಲರು ಎಲ್ಲಿದ್ದರು ಅನ್ನೋದು ಬೇಕು.

ಆ ವಕೀಲರ ಹತ್ತಿರ ಜಗಳಕ್ಕೆ ಹೋಗುವ ಮೊದಲು ಕೂತು ಕೇಳಿ. ಅವತ್ತು ಬೇರೆ ಕೋರ್ಟ್ ಹಾಲಿನಲ್ಲಿ ಸಾಕ್ಷಿ ವಿಚಾರಣೆ ನಡೆಸುತ್ತಿದ್ದಿರಬಹುದು. ಹುಷಾರಿಲ್ಲದೆ ಇದ್ದಿರಬಹುದು. ಅಪೀಲು ಒಂದು ಕೋರ್ಟಿನಿಂದ ಇನ್ನೊಂದಕ್ಕೆ ವರ್ಗವಾಗಿ ಅವರಿಗೆ ನೋಟಿಸ್ ಬಾರದೆಯೂ ಇರಬಹುದು, ಹೊಸ ಕೋರ್ಟು ಶುರುವಾದಾಗ ಕಟ್ಟುಗಟ್ಟಲೆ ಫೈಲು ಹೀಗೆ ಹೋಗುತ್ತವೆ. ಇದು ನಿಜವಾದರೆ ಇದಕ್ಕಿಂತ ಗಟ್ಟಿ ಕಾರಣ ಬೇರೆ ಬೇಕಿಲ್ಲ. ಏನೇ ಇದ್ದರೂ ಅದನ್ನು ಅವರೇ ಒಂದು ಅಫಿಡವಿಟ್‌ನಲ್ಲಿ ಬರೆದುಕೊಟ್ಟರೆ ಒಳ್ಳೆಯದು.

ನಾನು ಜೂನಿಯರ್ ಆಗಿದ್ದಾಗಿನ ಒಂದು ಸಂಗತಿ ಹೇಳಬೇಕು. ನಮ್ಮ ಸೀನಿಯರ್ ಆಫೀಸಿನ ಒಂದು ಅಪೀಲು ಹೀಗೇ ಹೋಯಿತು. ತಾರೀಖು 13 ಇತ್ತು. ಕೋರ್ಟ್ ಹಾಲಿನಲ್ಲಿ ನಿಂತುಕೊಂಡೇ ಡೈರಿಯಲ್ಲಿ ಬರೆದದ್ದು, 3ರ ಎರಡು ಕೊಕ್ಕೆಗಳು ಕೂಡಿಕೊಂಡು 8ರ ಹಾಗೆ ಕಾಣುತ್ತಿತ್ತು. ಸಂಜೆ ಗುಮಾಸ್ತರು ಅದನ್ನು ನೋಡಿ ದೊಡ್ಡ ಡೈರಿಗೆ 18 ಅಂತ ಇಳಿಸಿದರು. 18ಕ್ಕೆ ನಾವು ಕಡತ ಕಟ್ಟಿಕೊಂಡು ಹೋದಾಗ ಅಪೀಲು ಮುಚ್ಚಿ ಐದು ದಿನ ಆಗಿತ್ತು. ಕಕ್ಷಿದಾರರಿಗೆ ಅವತ್ತೇ ಫೋನ್ ಮಾಡಿ ಹೇಳಿದೆವು. ಮಾರನೇ ದಿನವೇ ಅರ್ಜಿ ಹಾಕಿದೆವು, ಜತೆಗೆ ಆ ಎರಡೂ ಡೈರಿಗಳ ಹಾಳೆಗಳ ಜೆರಾಕ್ಸ್. ನ್ಯಾಯಾಧೀಶರು ಅಸಲು ಡೈರಿಯನ್ನೇ ತರಿಸಿಕೊಂಡು, ಆ ಹಾಳೆಯನ್ನು ಬೆಳಕಿಗೆ ಹಿಡಿದು ನೋಡಿದರು. ಎದುರು ಪಕ್ಷಕ್ಕೆ 500 ರೂಪಾಯಿ ಖರ್ಚು ಕೊಡಿ ಅಂತ ಹೇಳಿ ಅಪೀಲು ವಾಪಸ್ ತೆಗೆದುಕೊಂಡರು. ತಪ್ಪು ನಮ್ಮದೇ ಆಗಿತ್ತು. ಅದನ್ನು ಒಪ್ಪಿಕೊಂಡು, ತಾರೀಖಿನ ಸಮೇತ ತೋರಿಸಿದ್ದಕ್ಕೇ ಅಪೀಲು ಉಳಿಯಿತು. "ಕಾರಣಾಂತರಗಳಿಂದ ಹಾಜರಾಗಲಾಗಲಿಲ್ಲ" ಅಂತ ಬರೆದಿದ್ದರೆ ಉಳಿಯುತ್ತಿರಲಿಲ್ಲ.

ನಿಮ್ಮ ವಕೀಲರು ಏನೂ ಬರೆದುಕೊಡಲು ಒಪ್ಪದಿದ್ದರೆ? ಆಗ 1981ರ ರಫೀಕ್ ವಿರುದ್ಧ ಮುನ್ಶಿಲಾಲ್ ಪ್ರಕರಣ ನೆರವಿಗೆ ಬರುತ್ತದೆ. ಅಲಹಾಬಾದ್ ಹೈಕೋರ್ಟಿನಲ್ಲಿ ವಕೀಲರು ಬಾರದೆ ಅಪೀಲು ಹೋಗಿತ್ತು. ಹಳ್ಳಿಯಿಂದ ಬಂದು ವಕೀಲರನ್ನು ಇಟ್ಟು, ಫೀಸು ಕೊಟ್ಟು, ವಿಷಯ ತಿಳಿಸಿ ಹೋದವನು ಇನ್ನೇನು ಮಾಡಬೇಕಿತ್ತು, ವಕೀಲರು ಕೋರ್ಟಿಗೆ ಬಂದರೋ ಇಲ್ಲವೋ ಅಂತ ಕಾವಲು ಕಾಯುವುದು ಅವನ ಕೆಲಸವಲ್ಲ, ವಕೀಲರ ತಪ್ಪಿಗೆ ಅವನು ಯಾಕೆ ನಷ್ಟ ಅನುಭವಿಸಬೇಕು ಅನ್ನೋದು ಸುಪ್ರೀಂ ಕೋರ್ಟಿನ ಮಾತಿನ ಸಾರ. 200 ರೂಪಾಯಿ ಖರ್ಚನ್ನು ಬಾರದೇ ಇದ್ದ ವಕೀಲರಿಂದಲೇ ವಸೂಲು ಮಾಡಿ ಅಂತಲೂ ಹೇಳಿತು. ಈ ತೀರ್ಪು ಓದಿದಾಗಲೆಲ್ಲ ನನಗೆ ಕೋರ್ಟಿನ ಕಾರಿಡಾರಿನಲ್ಲಿ ಟವೆಲ್ ಹೆಗಲಿಗೆ ಹಾಕಿಕೊಂಡು, ಒಳಗೆ ಏನು ನಡೆಯುತ್ತಿದೆ ಅಂತ ಗೊತ್ತಾಗದೆ ನಿಂತಿರುವವರು ನೆನಪಾಗುತ್ತಾರೆ.

ಆದರೆ ಇದೊಂದನ್ನೇ ನಂಬಿ ಕೂರಬೇಡಿ. 1993ರಲ್ಲಿ ಸಲಿಲ್ ದತ್ತಾ ಪ್ರಕರಣದಲ್ಲಿ ಅದೇ ಸುಪ್ರೀಂ ಕೋರ್ಟ್, ವಕೀಲರ ಮೇಲೆ ತಪ್ಪು ಹೊರಿಸಿ ಯಾವಾಗ ಬೇಕಾದರೂ ಕೈ ತೊಳೆದುಕೊಳ್ಳಬಹುದು ಅನ್ನೋ ನಿಯಮ ಏನಿಲ್ಲ ಅಂತಲೂ ಹೇಳಿದೆ. ಅಲ್ಲಿ ಪಕ್ಷಗಾರ ಕಲ್ಕತ್ತಾದ ಕಂಪನಿ, ಓದಿದವರು. ನಿಮ್ಮ ತಂದೆ ಹಳ್ಳಿಯ ರೈತರು, 74 ವರ್ಷದವರು, ಮೂಳೆ ಮುರಿದು ಮಲಗಿದ್ದವರು. ತಂದೆಯ ಕಾಯಿಲೆಯ ಕಾಗದಗಳು ನಿಜವಾಗಿ ಕೆಲಸಕ್ಕೆ ಬರುವುದು ಇಲ್ಲಿ: ಕಾಯಿಲೆ ಇಲ್ಲದಿದ್ದರೆ ಅವರು ಹೋಗಿ ವಿಚಾರಿಸುತ್ತಿದ್ದರು, ಬದಲಿ ವಕೀಲರನ್ನು ಇಡುತ್ತಿದ್ದರು, ಆ ಮೂರು ತಿಂಗಳು ಅದು ಆಗಲಿಲ್ಲ ಅಂತ. ಹೀಗೆ ಎರಡನ್ನೂ ಜೋಡಿಸಿ ಬರೆದರೆ ಕಾರಣಕ್ಕೆ ಮೈ ಬರುತ್ತದೆ.

ಇನ್ನೊಂದು ಮಾತು. ಹಿಂದಿನ ನಾಲ್ಕು ವರ್ಷದಲ್ಲಿ ನಿಮ್ಮ ಕಡೆಯವರು ಎಷ್ಟು ಸಲ ವಾಯಿದೆ ತೆಗೆದುಕೊಂಡರು ಅಂತ ಎದುರು ಪಕ್ಷದವರು ಪಟ್ಟಿ ಓದುತ್ತಾರೆ. 2000ದ ಜಿ.ಪಿ. ಶ್ರೀವಾಸ್ತವ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ನೋಡಬೇಕಾದದ್ದು ಗೈರಾದ ಆ ದಿನದ ಕಾರಣವನ್ನು, ಹಿಂದಿನ ದಿನಗಳನ್ನು ಕೆದಕುವುದಲ್ಲ ಅಂದಿದೆ. ಅದನ್ನು ನಿಮ್ಮ ಹೊಸ ವಕೀಲರಿಗೆ ನೆನಪು ಮಾಡಿ. ಮತ್ತೆ, ಸುಳ್ಳು ಮೆಡಿಕಲ್ ಸರ್ಟಿಫಿಕೇಟ್ ಮಾತ್ರ ಬೇಡವೇ ಬೇಡ. ನಿಮ್ಮ ಹತ್ತಿರ ನಿಜವಾದದ್ದೇ ಇದೆ, ಆದರೂ ಕೆಲವರು ದಿನ ಜಾಸ್ತಿ ತೋರಿಸಲು ಇನ್ನೊಂದು ಬರೆಸಿಕೊಂಡು ಬನ್ನಿ ಅಂತ ಸಲಹೆ ಕೊಡುತ್ತಾರೆ. ಡಾಕ್ಟರನ್ನು ಸಾಕ್ಷಿ ಕಟ್ಟೆಗೆ ಕರೆಸಿದರೆ ನಿಜವಾದ ಕಾಗದದ ಮೇಲಿನ ನಂಬಿಕೆಯೂ ಹೋಗುತ್ತದೆ.

ಈಗ ಜಮೀನಿನ ವಿಷಯ. ಅಪೀಲು ಹೋದ ದಿನವೇ ಸ್ಟೇ ಕೂಡ ಹೋಯಿತು. ಅದಕ್ಕೇ ಎದುರಿನವರು ಜಾರಿಗೆ ಬಂದಿದ್ದಾರೆ. ಬರೀ ರೂಲ್ 19ರ ಅರ್ಜಿ ಹಾಕಿದ್ದೀವಿ ಅಂದರೆ ಜಾರಿ ನಿಲ್ಲುವುದಿಲ್ಲ. ಅರ್ಜಿಯ ಜತೆಗೇ, ಇದು ತೀರ್ಮಾನ ಆಗುವವರೆಗೆ ಡಿಕ್ರಿ ಜಾರಿಗೆ ತಡೆ ಕೊಡಿ ಅಂತ ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 151ರಡಿ ಇನ್ನೊಂದು ಐಎ ಹಾಕಿಸಿ. ಅಪೀಲು ವಾಪಸ್ ಬಂದ ದಿನ ಹಳೆಯ ಸ್ಟೇ ತಾನಾಗಿ ಜೀವ ಪಡೆಯಿತು ಅಂದುಕೊಂಡು ಮನೆಗೆ ಬರಬೇಡಿ. ಸ್ಟೇ ಮುಂದುವರಿದಿದೆ ಅಂತ ಆದೇಶದಲ್ಲೇ ಒಂದು ಸಾಲು ಬರೆಸಿಕೊಳ್ಳಿ. ಖರ್ಚು ಕಟ್ಟಿ ಅಂತ ಹೇಳಿದರೆ ಹೇಳಿದ ತಾರೀಖಿನ ಒಳಗೆ ಕಟ್ಟಿ ರಸೀದಿ ಇಟ್ಟುಕೊಳ್ಳಿ, ಅದನ್ನು ಕಟ್ಟದೆ ಕೈಗೆ ಬಂದದ್ದನ್ನು ಕಳೆದುಕೊಂಡವರನ್ನು ನೋಡಿದ್ದೇನೆ. ಈ ನಡುವೆ ಸ್ವಾಧೀನ ಹೋಗಿಬಿಟ್ಟರೂ ಎಲ್ಲ ಮುಗಿಯಿತು ಅಂತಲ್ಲ. ಮುಂದೆ ಅಪೀಲಿನಲ್ಲಿ ನೀವು ಗೆದ್ದರೆ ಸೆಕ್ಷನ್ 144ರ ಪ್ರಕಾರ ವಾಪಸ್ ಕೊಡಿಸಬೇಕಾಗುತ್ತದೆ. ಆದರೆ ಆ ಹೊತ್ತಿಗೆ ತೋಟದಲ್ಲಿ ಮರ ಎಷ್ಟು ಉಳಿದಿರುತ್ತವೋ, ಆದ್ದರಿಂದ ತಡೆ ಈಗಲೇ ಬೇಕು.

ಎದುರಿನವರು ಅದೇ ಅಪೀಲಿನಲ್ಲಿ ಕ್ರಾಸ್ ಆಬ್ಜೆಕ್ಷನ್, ಅಂದರೆ ಡಿಕ್ರಿಯಲ್ಲಿ ತಮಗೆ ವಿರುದ್ಧವಾದ ಭಾಗದ ಮೇಲೆ ಆಕ್ಷೇಪ, ಹಾಕಿದ್ದಾರಾ ಅಂತಲೂ ನೋಡಿ. ನಿಮ್ಮ ಅಪೀಲು ಗೈರಿಗೆ ವಜಾ ಆದರೂ ಆರ್ಡರ್ 41, ರೂಲ್ 22(4)ರ ಪ್ರಕಾರ ಅವರದ್ದು ನಡೆಯಬಹುದು. ಅದಕ್ಕೆ ತಾರೀಖು ಬಿದ್ದಿದ್ದರೆ ಅಲ್ಲೂ ನಿಮ್ಮವರು ಇರಬೇಕು.

ರೂಲ್ 19ರ ಅರ್ಜಿಯೇ ವಜಾ ಆದರೆ ಆಗ ಮೇಲಿನ ಕೋರ್ಟಿಗೆ ಹೋಗಬಹುದು. ಆರ್ಡರ್ 43, ರೂಲ್ 1(ಟಿ) ಅಂಥ ಆದೇಶದ ಮೇಲೆ ಅಪೀಲು ಕೊಟ್ಟಿದೆ. ಅಲ್ಲೂ ಚರ್ಚೆ ಆಗುವುದು ಮಾರ್ಚ್ 12ರ ಗೈರಿನ ಕಾರಣ ಮತ್ತು ತಡದ ಬಗ್ಗೆ ಮಾತ್ರ, ತೋಟ ಯಾರದು ಅಂತ ಅಲ್ಲ. ಹಾಗಾಗಿ ಮೊದಲ ಅಫಿಡವಿಟ್‌ನಲ್ಲಿ ಬಿಟ್ಟದ್ದನ್ನು ಅಲ್ಲಿ ಸೇರಿಸುವುದು ಕಷ್ಟ.

ನಿಮ್ಮೂರಿನಲ್ಲಿ ಯಾರೋ, ವಕೀಲರು ಬಾರದಿದ್ದರೂ ಕೋರ್ಟು ಫೈಲು ಓದಿ ತೀರ್ಪು ಕೊಡಲೇಬೇಕು, ವಜಾ ಮಾಡಿದ್ದೇ ತಪ್ಪು ಅಂತ ಹೇಳಬಹುದು. ಅದು ಕ್ರಿಮಿನಲ್ ಅಪೀಲಿನ ಮಾತು. 1996ರ ಬನಿ ಸಿಂಗ್ ಪ್ರಕರಣದಲ್ಲಿ ಕ್ರಿಮಿನಲ್ ಅಪೀಲನ್ನು ಗೈರಿಗೆ ವಜಾ ಮಾಡುವಂತಿಲ್ಲ, ದಾಖಲೆ ನೋಡಿಯೇ ತೀರ್ಮಾನಿಸಬೇಕು ಅಂತ ಆಯಿತು. ಸಿವಿಲ್‌ನಲ್ಲಿ ಇದರ ಉಲ್ಟಾ.

ವಕೀಲರನ್ನು ಬದಲಿಸುವುದಾದರೆ ಹಳಬರಿಂದ ಫೈಲು ಮತ್ತು ಎನ್‌ಒಸಿ ಪಡೆಯಿರಿ, ಕೊಡದಿದ್ದರೆ ಕೋರ್ಟಿನ ಅನುಮತಿ ಕೇಳಿ ಬದಲಿಸಬಹುದು. ಅವರ ಮೇಲೆ ಗ್ರಾಹಕರ ಕೋರ್ಟಿಗೆ ಹೋಗಲು ಆಗುವುದಿಲ್ಲ, 2024ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಅದನ್ನು ಮುಚ್ಚಿದೆ. ರಾಜ್ಯ ವಕೀಲರ ಪರಿಷತ್ತಿಗೆ ದೂರು ಕೊಡಬಹುದು. ನನ್ನ ಸಲಹೆ, ಅದನ್ನು ಈಗ ಬೇಡ. ಮೊದಲು ಅಪೀಲು ವಾಪಸ್ ಬರಲಿ, ಅದಕ್ಕೆ ಅವರ ಅಫಿಡವಿಟ್ ಬೇಕಾಗಿದೆ.

ತಂದೆಗೆ ಇನ್ನೂ ಓಡಾಡಲು ಆಗದಿದ್ದರೆ ನೋಟರಿಯವರನ್ನು ಮನೆಗೇ ಕರೆಸಿ ಅಫಿಡವಿಟ್‌ಗೆ ಸಹಿ ಮಾಡಿಸಬಹುದು. ನಿಮ್ಮ ಹೆಸರಿಗೆ ಒಂದು ಪವರ್ ಆಫ್ ಅಟಾರ್ನಿ ಮಾಡಿಸಿಕೊಳ್ಳಿ, ಮುಂದೆ ಪ್ರತಿಯೊಂದಕ್ಕೂ ಅವರನ್ನು ಎಬ್ಬಿಸುವುದು ತಪ್ಪುತ್ತದೆ. ನಿಮ್ಮ ಫೋನಿನಲ್ಲಿ ಇ-ಕೋರ್ಟ್ಸ್ ಆ್ಯಪ್ ಹಾಕಿಕೊಂಡು ಕೇಸಿನ 16 ಅಕ್ಷರದ ಸಿಎನ್‌ಆರ್ ನಂಬರು ಸೇವ್ ಮಾಡಿಡಿ. ಮುಂದಿನ ತಾರೀಖು, ಹಿಂದಿನ ತಾರೀಖಿಗೆ ಏನಾಯಿತು ಎಲ್ಲ ಅದರಲ್ಲಿ ಕಾಣುತ್ತದೆ. ಮಾರ್ಚ್ 12ರ ಆದೇಶ ಅಪ್‌ಲೋಡ್ ಆಗಿದ್ದರೆ ಈಗಲೇ ಅಲ್ಲೇ ಓದಬಹುದು.

ಜಾರಿ ನೋಟಿಸ್‌ನಲ್ಲಿ ಹಾಜರಾಗಬೇಕಾದ ತಾರೀಖು ಯಾವುದು ಅಂತ ನೀವು ಬರೆದಿಲ್ಲ. ಇದನ್ನು ಓದಿದ ಕೂಡಲೇ ನೋಟಿಸ್ ತೆಗೆದು ಅದನ್ನು ನೋಡಿ. ಇದೇ ವಾರದಲ್ಲಿ ಇದ್ದರೆ ಉಳಿದದ್ದೆಲ್ಲ ಆಮೇಲೆ. ಅವತ್ತು ಬೆಳಿಗ್ಗೆಯೇ ಒಬ್ಬ ವಕೀಲರ ಮೂಲಕ ಜಾರಿ ಕೋರ್ಟಿನಲ್ಲಿ ವಕಾಲತ್ತು ಹಾಕಿಸಿ, ಅಪೀಲು ವಾಪಸ್ ತೆಗೆಸುವ ಅರ್ಜಿ ಹಾಕುತ್ತಿದ್ದೇವೆ ಅಂತ ಹೇಳಿಸಿ ಆಕ್ಷೇಪಣೆಗೆ ಸಮಯ ಕೇಳಿ. ನೀವೂ ಜತೆಯಲ್ಲಿ ಹೋಗಿ, ಕೇಸು ಕೂಗುವವರೆಗೂ ಅಲ್ಲೇ ಇರಿ.